ಮಾತಾಡಿದವಳ ಪರವಾಗಿ: ಗೆಳೆಯನಿಗೊಂದು ಪತ್ರ

ಪ್ರೀತಿಯ ಗೆಳೆಯಾ,

ನಿನ್ನ ಮೆಸೇಜು ಬಂದು ನಾಲ್ಕು ದಿನವಾಯಿತು. ‘ಅಮ್ಮನ ಪಕ್ಕ ಕೂತರೆ ಏನು ಮಾತಾಡಬೇಕು ಅಂತಲೇ ತೋಚುವುದಿಲ್ಲ ಮಾರಾಯ’ ಎಂದು ಬರೆದಿದ್ದೆ. ನಾನು ಉತ್ತರ ಟೈಪ್ ಮಾಡಿದೆ, ಅಳಿಸಿದೆ. ಮತ್ತೆ ಮಾಡಿದೆ, ಮತ್ತೆ ಅಳಿಸಿದೆ. ಕೊನೆಗೆ ಕೈ ಮುಗಿದ ಒಂದು ಚಿತ್ರ ಕಳಿಸಿ ಸುಮ್ಮನಾದೆ. ಅದು ಉತ್ತರವಲ್ಲ ಅಂತ ನನಗೂ ಗೊತ್ತು. ಅದಕ್ಕೇ ಈ ಕಾಗದ. ಉದ್ದ ಇದೆ. ಮಧ್ಯಾಹ್ನ ಅಮ್ಮ ಮಲಗಿದ ಮೇಲೆ ಓದು.

ಸಮಾಧಾನ ಹೇಳಲು ನನಗೆ ಬರುವುದಿಲ್ಲ. ನನಗೆ ಬರುವುದು ಸಿನಿಮಾ ಮಾತು ಒಂದೇ. ಹಾಗಾಗಿ ನಮ್ಮ ಇಪ್ಪತ್ತು ವರ್ಷದ ಹಳೇ ಜಗಳವನ್ನೇ ಮತ್ತೆ ಎತ್ತುತ್ತೇನೆ. ನಿನ್ನ ಲಿವ್ ಉಲ್ಮನ್, ನನ್ನ ಬೀಬಿ ಆಂಡರ್ಸನ್. ಇಬ್ಬರೂ ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್‌ನ ನಟಿಯರು, ಯಾರು ದೊಡ್ಡವಳು ಅನ್ನುವುದೇ ಜಗಳ.

ಹಾಸ್ಟೆಲಿನ ಆ ರಾತ್ರಿ ನೆನಪಿದೆ ಅಲ್ವಾ? 2004ರ ಮಳೆಗಾಲ. ಯಾರೋ ಸಿಡಿಗೆ ಬರೆಸಿಕೊಂಡು ತಂದಿದ್ದ ‘ಪರ್ಸೋನಾ’, ಮಾತು ಬಿಟ್ಟ ಒಬ್ಬ ನಟಿ ಮತ್ತು ಅವಳನ್ನು ನೋಡಿಕೊಳ್ಳುವ ನರ್ಸಿನ ಬರ್ಗ್‌ಮನ್ ಸಿನಿಮಾ. ಹದಿನಾಲ್ಕು ಇಂಚಿನ ಮಾನಿಟರ್ ಮುಂದೆ ಐದು ಜನ. ಅರ್ಧ ಗಂಟೆಯಲ್ಲಿ ಮೂವರು ಗೊರಕೆ. ಸಿನಿಮಾದ ನಡುವೆ ಫಿಲ್ಮೇ ಹರಿದು ಸುಟ್ಟುಹೋಗುವ ದೃಶ್ಯ ಬಂತಲ್ಲ, ಆಗ ನೀನು ‘ಥೂ, ಸಿಡಿ ಹೋಯ್ತು’ ಅಂತ ಎದ್ದು, ಅದನ್ನು ಹೊರಗೆ ತೆಗೆದು, ಬನಿಯನ್ನಿಗೆ ಉಜ್ಜಿ ಮತ್ತೆ ಹಾಕಿದೆ. ಮತ್ತೆ ಅದೇ ಜಾಗದಲ್ಲಿ ಸುಟ್ಟಿತು. ಬರ್ಗ್‌ಮನ್ ಬದುಕಿದ್ದ ಆಗ. ಗೊತ್ತಾಗಿದ್ದರೆ ಖುಷಿಪಡುತ್ತಿದ್ದನೋ ಏನೋ.

ಆಮೇಲೆ ಚಹಾ ಅಂಗಡಿಯಲ್ಲಿ ನೀನು ಹೇಳಿದ ಮಾತು ನನಗೆ ಇನ್ನೂ ಕಿವಿಯಲ್ಲಿದೆ. ‘ಆ ನರ್ಸು ಒಂದೂವರೆ ಗಂಟೆ ವಟವಟ ಅಂದಿದ್ದೇ ಬಂತು. ನಟನೆ ಮಾಡಿದವಳು ಸುಮ್ಮನೆ ಕೂತವಳು.’ ಸುಮ್ಮನೆ ಕೂತವಳು ಲಿವ್, ನರ್ಸು ಬೀಬಿ. ಆ ಕಣ್ಣು, ಆ ತುಟಿ, ಯಾರಾದರೂ ಬೀಳುತ್ತಾರೆ, ಒಪ್ಪಿದೆ. ಆದರೆ ವಟವಟ ಅಂದ ಆ ನರ್ಸಿನ ಮೇಲೆ ನನಗೆ ಅವತ್ತೇ ಒಂದು ಪಕ್ಷಪಾತ ಹುಟ್ಟಿತು. ಮಾತಾಡುವವರನ್ನು ಕಂಡರೆ ಹಗುರ ಅಂದುಕೊಳ್ಳುತ್ತೇವೆ, ಸುಮ್ಮನಿರುವವರನ್ನು ಕಂಡರೆ ಆಳ ಅಂದುಕೊಳ್ಳುತ್ತೇವೆ. ನಾನು ಅವತ್ತಿನಿಂದ ಮಾತಾಡಿದವಳ ಪರ.

ಅವಳ ಕತೆ ಶುರುವಾಗುವುದು ಒಂದು ಸೋಪಿನಿಂದ. ನಿಜವಾಗಿ.

ಹುಟ್ಟಿದ್ದು 1935ರ ನವೆಂಬರ್ 11, ಸ್ಟಾಕ್‌ಹೋಮಿನ ಕುಂಗ್ಸ್‌ಹೋಲ್ಮೆನ್‌ನಲ್ಲಿ. ಅಪ್ಪ ವ್ಯಾಪಾರಿ, ಅಮ್ಮ ಸಮಾಜಸೇವೆಯ ಕೆಲಸದಲ್ಲಿದ್ದವಳು. ಅಕ್ಕ ಗೆರ್ಡ್ ಬ್ಯಾಲೆ ನರ್ತಕಿ. ಬೀಬಿಗೆ ಹದಿನೈದು ವರ್ಷವಾಗಿದ್ದಾಗ, 1951ರಲ್ಲಿ, ಮನರಂಜನಾ ತೆರಿಗೆ ಜಾಸ್ತಿಯಾಯಿತು ಅಂತ ಸ್ವೀಡನ್ನಿನ ಚಿತ್ರ ಕಂಪನಿಗಳು ಶೂಟಿಂಗನ್ನೇ ನಿಲ್ಲಿಸಿಬಿಟ್ಟವು. ಇಂಗ್ಮಾರ್ ಬರ್ಗ್‌ಮನ್‌ಗೆ ಕೆಲಸವಿಲ್ಲ. ಆದರೆ ಮುರಿದ ಮದುವೆಗಳು, ಒಂದಷ್ಟು ಮಕ್ಕಳು, ಎಲ್ಲರಿಗೂ ಪ್ರತಿ ತಿಂಗಳು ದುಡ್ಡು ಕಳಿಸಬೇಕು. ಏನು ಮಾಡುತ್ತಾನೆ? ‘ಬ್ರೀಸ್’ ಅನ್ನುವ ಸೋಪಿಗೆ ಒಂಬತ್ತು ಜಾಹೀರಾತು ಮಾಡಿಕೊಟ್ಟ. ಅದರಲ್ಲೊಂದರಲ್ಲಿ ಒಬ್ಬ ರಾಜಕುಮಾರಿ, ಒಬ್ಬ ಹಂದಿ ಕಾಯುವವನು. ಅವನ ಹತ್ತಿರ ಸೋಪಿದೆ. ಬೆಲೆ ನೂರು ಚುಂಬನ. ಆ ರಾಜಕುಮಾರಿಯೇ ನಮ್ಮ ಬೀಬಿ.

ನೋಡು, ಸಾವು, ದೇವರು, ಮೌನ ಅಂತೆಲ್ಲ ನಾವು ಪುಟಗಟ್ಟಲೆ ಬರೆದ ಈ ಜೋಡಿ ಮೊದಲು ಸೇರಿದ್ದು ಬೆವರು ನಾತ ಹೋಗಿಸುವ ಸೋಪಿಗಾಗಿ. ನನಗಂತೂ ಇದು ಬಹಳ ಇಷ್ಟದ ಸಂಗತಿ.

(ಅಂದಹಾಗೆ, ಅವಳು ನಮ್ಮ ಅಜ್ಜಿಯ ವಯಸ್ಸಿನವಳು. ಬಹುವಚನದಲ್ಲಿ ಬರೆಯಬೇಕು. ಬರುವುದಿಲ್ಲ. ಬೈದುಕೋ.)

ಆಮೇಲೆ ಸ್ಟಾಕ್‌ಹೋಮಿನ ರಾಯಲ್ ಡ್ರಮಾಟಿಕ್ ಥಿಯೇಟರಿನ ಶಾಲೆಯಲ್ಲಿ ಕಲಿತಳು. ಅಲ್ಲಿಯ ಜನ ಅದನ್ನು ‘ಡ್ರಮಾಟೆನ್’ ಅನ್ನುತ್ತಾರೆ. ಅಲ್ಲಿಂದ ಮಾಲ್ಮೊ ಊರಿನ ರಂಗಮಂದಿರಕ್ಕೆ ಹೋದಳು, ಬರ್ಗ್‌ಮನ್ ಆಗ ಅಲ್ಲಿದ್ದ. ಅವನ ಲೆಕ್ಕ ಸರಳ. ಚಳಿಗಾಲವಿಡೀ ನಾಟಕ, ಬೇಸಿಗೆ ಬಂತೆಂದರೆ ಅದೇ ನಟರನ್ನು ಕಟ್ಟಿಕೊಂಡು ಸಿನಿಮಾ. ನಮ್ಮ ಮೇಳದವರ ತಿರುಗಾಟದ ಹಾಗೆ, ಆದರೆ ಹವಾಮಾನ ಉಲ್ಟಾ. ಅಲ್ಲಿ ಬೆಳಕಿರುವುದೇ ಬೇಸಿಗೆಯಲ್ಲಿ ತಾನೇ. ಕೆಲವು ವರ್ಷ ಅವರಿಬ್ಬರೂ ಪ್ರೇಮಿಗಳಾಗಿಯೂ ಇದ್ದರು. ಅದು ಮುಗಿದ ಮೇಲೂ ಕೆಲಸ ಮುಗಿಯಲಿಲ್ಲ. ಅದರ ಬಗ್ಗೆ ಜಾಸ್ತಿ ಕೆದಕುವ ಮನಸ್ಸಿಲ್ಲ.

1957 ಅನ್ನುವ ವರ್ಷವನ್ನು ನೋಡು. ಫೆಬ್ರವರಿಯಲ್ಲಿ ‘ದಿ ಸೆವೆಂತ್ ಸೀಲ್’, ಡಿಸೆಂಬರಿನಲ್ಲಿ ‘ವೈಲ್ಡ್ ಸ್ಟ್ರಾಬೆರೀಸ್’. ಎರಡರಲ್ಲೂ ಬೀಬಿ. ವಯಸ್ಸು ಇಪ್ಪತ್ತೊಂದರ ಆಸುಪಾಸು.

ಮೊದಲನೆಯದರಲ್ಲಿ ಎಲ್ಲರಿಗೂ ನೆನಪಿರುವುದು ಸಾವಿನ ಜೊತೆ ಚದುರಂಗ. ಕಪ್ಪು ನಿಲುವಂಗಿ, ಬಿಳಿಚಿದ ಮುಖ. ನನಗೆ ನೆನಪಿರುವುದು ಒಂದು ಬಟ್ಟಲು ಹಾಲು. ಪ್ಲೇಗ್ ಹಬ್ಬಿದ ದೇಶ, ಧರ್ಮಯುದ್ಧದಿಂದ ವಾಪಸು ಬಂದ ಸೈನಿಕ, ಅವನ ಬೆನ್ನ ಹಿಂದೆಯೇ ಸಾವು. ದಾರಿಯಲ್ಲಿ ಒಂದು ಬಡ ನಾಟಕದ ಗಾಡಿ ಸಿಗುತ್ತದೆ. ಗಂಡ ಯೋಫ್, ಹೆಂಡತಿ ಮಿಯಾ, ಒಂದು ಕೂಸು. ಮಿಯಾ ಗುಡ್ಡದ ಇಳಿಜಾರಿನಲ್ಲಿ ಕೂತು ಅವನಿಗೆ ಕಾಡು ಸ್ಟ್ರಾಬೆರಿ ಕೊಡುತ್ತಾಳೆ, ಈಗಷ್ಟೇ ಕರೆದ ಹಾಲು ಕೊಡುತ್ತಾಳೆ. ಅಷ್ಟೇ. ಬಟ್ಟಲು ಕೈಯಿಂದ ಕೈಗೆ ಹೋಗುತ್ತದೆ. ಆ ಗಂಟುಮೋರೆಯ ಸೈನಿಕ, ಮ್ಯಾಕ್ಸ್ ವಾನ್ ಸಿಡೋ, ಈ ಗಳಿಗೆಯನ್ನು ತುಂಬಿದ ಹಾಲಿನ ಬಟ್ಟಲಿನ ಹಾಗೆ ಚೆಲ್ಲದಂತೆ ಹಿಡಿದುಕೊಂಡು ಹೋಗುತ್ತೇನೆ ಅನ್ನುತ್ತಾನೆ.

ಈ ದೃಶ್ಯದಲ್ಲಿ ಬೀಬಿ ಏನು ಮಾಡುತ್ತಾಳೆ ಅಂತ ನಾನು ನಾಲ್ಕೈದು ಸಲ ತಿರುಗಿಸಿ ನೋಡಿದ್ದೇನೆ. ಏನೂ ಮಾಡುವುದಿಲ್ಲ. ಮನೆಗೆ ಬಂದವರಿಗೆ ಬಡಿಸುವ ಹೆಂಗಸು ಹೇಗಿರುತ್ತಾಳೋ ಹಾಗಿರುತ್ತಾಳೆ. ಅರ್ಧ ಗಮನ ಅತಿಥಿಯ ಮೇಲೆ, ಅರ್ಧ ಮಗುವಿನ ಮೇಲೆ. ಬಂದವನು ದೇವರನ್ನು ಹುಡುಕುತ್ತಿದ್ದಾನೋ ಇನ್ನೇನನ್ನೋ, ಮೊದಲು ಹೊಟ್ಟೆಗೆ ಹಾಕಿಕೊಳ್ಳಲಿ ಅನ್ನುವ ಮುಖ. ಇಡೀ ಸಿನಿಮಾವನ್ನು ಮೂವತ್ತೈದು ದಿನದಲ್ಲಿ ಮುಗಿಸಿದರಂತೆ. ಆ ದೃಶ್ಯ ನೋಡಿದರೆ ಅವಸರದ ವಾಸನೆಯೇ ಇಲ್ಲ.

ನಿನ್ನ ಅಮ್ಮ ನೆನಪಾಗುತ್ತಾರೆ ನನಗೆ ಅಲ್ಲಿ. ಪರೀಕ್ಷೆಯಲ್ಲಿ ಫೇಲಾಗಿ ನಾನು ನಿಮ್ಮ ಮನೆಗೆ ಬಂದು ತಲೆ ತಗ್ಗಿಸಿ ಕೂತಿದ್ದೆ. ಅವರು ಏನೂ ಕೇಳಲಿಲ್ಲ ಅಂತ ಬರೆಯಬೇಕೆನಿಸುತ್ತದೆ, ಆದರೆ ಸುಳ್ಳಾಗುತ್ತದೆ. ಎಲ್ಲಾ ಕೇಳಿದರು. ಯಾವ ಸಬ್ಜೆಕ್ಟು, ಎಷ್ಟು ಮಾರ್ಕು, ನಿಮ್ಮಪ್ಪನಿಗೆ ಹೇಳಿದೆಯಾ, ಹೇಳದಿದ್ದರೆ ನಾನು ಹೇಳಲಾ. ಕೇಳುತ್ತಲೇ ತಟ್ಟೆಗೆ ದೋಸೆ ಹಾಕುತ್ತಲೇ ಇದ್ದರು. ಏಳು ತಿಂದೆ ಅವತ್ತು.

‘ವೈಲ್ಡ್ ಸ್ಟ್ರಾಬೆರೀಸ್’ ಬೇರೆ ಥರ. ಅದರ ಸ್ವೀಡಿಷ್ ಹೆಸರು ‘ಸ್ಮುಲ್ಟ್ರೋನ್‌ಸ್ಟೆಲ್ಲೆಟ್’. ಕಾಡು ಸ್ಟ್ರಾಬೆರಿ ಬೆಳೆಯುವ ಜಾಗ ಅಂತ ಅರ್ಥ. ಆದರೆ ಅಲ್ಲಿಯ ಮಾತಿನಲ್ಲಿ ಅದಕ್ಕೆ ಇನ್ನೊಂದು ಅರ್ಥವೂ ಇದೆ. ನಮಗೆ ಮಾತ್ರ ಗೊತ್ತಿರುವ, ಯಾರಿಗೂ ಸುಲಭಕ್ಕೆ ಹೇಳದ, ಪ್ರೀತಿಯ ಜಾಗ. ನಿನ್ನೂರಿನ ಶಾಲೆಯ ಹಿಂದೆ ಕವಳಿ ಹಣ್ಣಿನ ಮಟ್ಟಿ ಇತ್ತಲ್ಲ, ಮೂರು ವರ್ಷ ನನಗೂ ತೋರಿಸದೆ ಇಟ್ಟಿದ್ದೆಯಲ್ಲ, ಅದು.

ಅದರಲ್ಲಿ ಮುದಿ ಪ್ರೊಫೆಸರಾಗಿ ನಟಿಸಿದವನು ವಿಕ್ಟರ್ ಶೋಸ್ಟ್ರೋಮ್. ಮೂಕಿ ಕಾಲದ ದೊಡ್ಡ ನಿರ್ದೇಶಕ. ಆಗ ಎಪ್ಪತ್ತೇಳು ವರ್ಷ, ಮೈಯಲ್ಲಿ ಶಕ್ತಿ ಇಲ್ಲ. ಅವನದು ಒಂದೇ ಷರತ್ತು. ಸಂಜೆ ಐದೂಕಾಲಿಗೆ ಮನೆ ಸೇರಬೇಕು, ವಿಸ್ಕಿ ಕೈಗೆ ಬರಬೇಕು. ಅಷ್ಟು ಸಿಕ್ಕಿದರೆ ಎಲ್ಲ ಸಲೀಸು. ಅವನ ಕೊನೆಯ ಸಿನಿಮಾ ಅದು. ಬೀಬಿಗೆ ಇಲ್ಲಿ ಎರಡು ಪಾತ್ರ, ಎರಡಕ್ಕೂ ಹೆಸರು ಸಾರಾ. ಒಬ್ಬಳು ಮುದುಕ ಹರೆಯದಲ್ಲಿ ಪ್ರೀತಿಸಿ ಕಳೆದುಕೊಂಡವಳು. ಇನ್ನೊಬ್ಬಳು ದಾರಿಯಲ್ಲಿ ಕಾರು ಹತ್ತಿಸಿಕೊಂಡ ಬಾಯಿಬಡುಕಿ ಹುಡುಗಿ.

ಕನಸಿನಲ್ಲಿ ಹಳೆಯ ಸಾರಾ ಅವನ ಮುಖಕ್ಕೆ ಕನ್ನಡಿ ಹಿಡಿಯುತ್ತಾಳೆ. ನೋಡಿಕೋ, ನೀನು ಮುದುಕ, ಇನ್ನೇನು ಸಾಯುತ್ತೀಯ ಅನ್ನುತ್ತಾಳೆ. ಸಿಟ್ಟಿಲ್ಲ ದನಿಯಲ್ಲಿ. ಮಕ್ಕಳು ನಿಜ ಹೇಳುವಾಗ ಹೇಗೆ ಹೇಳುತ್ತಾರೋ ಹಾಗೆ. ಕೊನೆಯಲ್ಲಿ ಅದೇ ಹುಡುಗಿ ಅವನನ್ನು ಕೈ ಹಿಡಿದು ನೀರಿನ ಹತ್ತಿರ ಕರೆದುಕೊಂಡು ಹೋಗುತ್ತಾಳೆ. ಆಚೆ ದಡದಲ್ಲಿ ಅಪ್ಪ ಗಾಳ ಹಾಕಿ ಕೂತಿದ್ದಾನೆ, ಪಕ್ಕದಲ್ಲಿ ಅಮ್ಮ. ದೂರದಿಂದ ಕೈ ಬೀಸುತ್ತಾರೆ. ಸಾರಾ ಅವನನ್ನು ಅಲ್ಲಿ ಬಿಟ್ಟು ಹೊರಟುಹೋಗುತ್ತಾಳೆ. ಕನ್ನಡಿ ಹಿಡಿದವಳೂ ಅವಳೇ, ಕೈ ಹಿಡಿದವಳೂ ಅವಳೇ.

ಮುಂದಿನ ವರ್ಷ ‘ಬ್ರಿಂಕ್ ಆಫ್ ಲೈಫ್’. ಹೆರಿಗೆ ಆಸ್ಪತ್ರೆಯ ಒಂದು ವಾರ್ಡು, ಮೂವರು ಹೆಂಗಸರು, ಒಬ್ಬಳು ನರ್ಸು. ಬೀಬಿಯದು ಮದುವೆಯಾಗದೆ ಬಸಿರಾದ ಹುಡುಗಿ. 1958ರ ಕಾನ್ ಉತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿಯನ್ನು ನಾಲ್ವರಿಗೂ ಒಟ್ಟಿಗೆ ಕೊಟ್ಟರು: ಬೀಬಿ, ಇವಾ ದಾಲ್ಬೆಕ್, ಇಂಗ್ರಿಡ್ ಥುಲಿನ್, ಬಾರ್ಬ್ರೋ ಯೋರ್ಟ್ ಆಫ್ ಓರ್ನೆಸ್. ಜಗಳವೇ ಬೇಡ ಅಂತ ಹಂಚಿದರೋ ಏನೋ. 1963ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ ಒಬ್ಬಳಿಗೇ ಸಿಕ್ಕಿತು. ಅದು ವಿಲ್ಗೋಟ್ ಶೋಮನ್ ನಿರ್ದೇಶಿಸಿದ ‘ದಿ ಮಿಸ್ಟ್ರೆಸ್’ ಸಿನಿಮಾಕ್ಕೆ. ಬರ್ಗ್‌ಮನ್ ಇಲ್ಲದೆಯೂ ಅವಳು ಇದ್ದಳು ಅನ್ನುವುದಕ್ಕೆ ಹೇಳಿದೆ.

ಆದರೆ ಅವಳಿಗೊಂದು ಕೊರಗಿತ್ತು. ಎಲ್ಲರೂ ಅವಳಿಗೆ ಕೊಡುತ್ತಿದ್ದುದು ಹಾಲು, ಹಣ್ಣು, ನಗು, ಮುಗ್ಧತೆ. ತನ್ನನ್ನು ‘ಮುಗ್ಧತೆಯೇ ಕಸುಬಾದವಳು’ ಅನ್ನುವ ಹಾಗೆ ಕರೆಯುತ್ತಿದ್ದರು ಅಂತ ಮುಂದೆ ಅವಳೇ ಹೇಳಿಕೊಂಡಿದ್ದಾಳೆ. ಮೂವತ್ತು ಹತ್ತಿರ ಬಂದರೂ ಹುಡುಗಿಯೇ. ನಮ್ಮಲ್ಲಿ ಇದು ಗೊತ್ತಿರುವ ಕಾಯಿಲೆ ತಾನೇ.

ಅಷ್ಟರಲ್ಲಿ ‘ಪರ್ಸೋನಾ’ ಬಂತು.

1965ರ ಮೊದಲ ತಿಂಗಳುಗಳಲ್ಲಿ ಬರ್ಗ್‌ಮನ್ ಕಾಯಿಲೆ ಬಿದ್ದು ಆಸ್ಪತ್ರೆ ಸೇರಿದ. ಬೀಬಿಗೆ ನಾರ್ವೆಯ ಒಬ್ಬ ಗೆಳತಿಯಿದ್ದಳು, ಲಿವ್ ಉಲ್ಮನ್. ಇಬ್ಬರೂ ಮೊದಲೇ ಒಂದು ಸಿನಿಮಾದಲ್ಲಿ ಜೊತೆಗೆ ನಟಿಸಿದ್ದರು. ಬರ್ಗ್‌ಮನ್‌ಗೆ ಲಿವ್‌ಳನ್ನು ಪರಿಚಯ ಮಾಡಿಸಿದ್ದೂ ಬೀಬಿಯೇ. ನಿನ್ನ ಲಿವ್ ನಿನಗೆ ಸಿಕ್ಕಿದ್ದು ನನ್ನ ಬೀಬಿಯಿಂದ, ತಿಳಿದಿರಲಿ. ಒಂದು ಫೋಟೋದಲ್ಲಿ ಇಬ್ಬರೂ ಒಂದೇ ಥರ ಕಂಡರಂತೆ. ಆಸ್ಪತ್ರೆಯ ಹಾಸಿಗೆಯಲ್ಲಿ ಆ ಹೋಲಿಕೆ ಅವನ ತಲೆ ಹೊಕ್ಕಿತು. ಬಾಯಿ ಮುಚ್ಚಿದ ಒಬ್ಬ ನಟಿ, ಬಾಯಿ ಬಿಟ್ಟ ಒಬ್ಬ ನರ್ಸು.

ಸ್ಕ್ರಿಪ್ಟ್ ಓದಿ ಬೀಬಿಗೆ ಖುಷಿಯೇನೂ ಆಗಲಿಲ್ಲ. ನಾನು ಇಷ್ಟು ವರ್ಷ ಗಟ್ಟಿಯಾಗಲು ಒದ್ದಾಡುತ್ತಿದ್ದೇನೆ, ಈ ಅಳುಕಿನ, ಪುಕ್ಕಲಿನ ಪಾತ್ರ ನನಗೇಕೆ ಅಂತ ಅನಿಸಿತಂತೆ. ಆಮೇಲೆ ಹೊಳೆಯಿತು, ಇವನು ನನ್ನನ್ನು ಪೂರ್ತಿ ಓದಿಕೊಂಡಿದ್ದಾನೆ ಅಂತ. ಮುಚ್ಚಿಡುವುದಕ್ಕಿಂತ ಕೊಟ್ಟುಬಿಡುವುದೇ ವಾಸಿ ಅಂತ ಒಪ್ಪಿದಳು.

ಮೊದಲು ಸ್ಟಾಕ್‌ಹೋಮಿನ ಸ್ಟುಡಿಯೋದಲ್ಲಿ ತೆಗೆದರು. ಕೈ ಹತ್ತಲಿಲ್ಲ. ಗಂಟುಮೂಟೆ ಕಟ್ಟಿಕೊಂಡು ಫೋರೋ ದ್ವೀಪಕ್ಕೆ ಹೋದರು. ಬಾಲ್ಟಿಕ್ ಸಮುದ್ರದಲ್ಲಿ, ಗೋಟ್‌ಲ್ಯಾಂಡಿನ ಉತ್ತರಕ್ಕೆ, ಬರೀ ಕಲ್ಲು, ಗಾಳಿ, ಕುರಿ. ಅಲ್ಲಿ ಸಿನಿಮಾ ಕೂಡಿಬಂತು. ಕ್ಯಾಮೆರಾ ಹಿಂದೆ ಸ್ವೆನ್ ನಿಕ್ವಿಸ್ಟ್.

ಈಗ ಆ ರಾತ್ರಿಯ ದೃಶ್ಯಕ್ಕೆ ಬಾ. ನೀನು ವಟವಟ ಅಂದದ್ದು ಅದನ್ನೇ. ಹೊರಗೆ ಮಳೆ. ನರ್ಸು ಅಲ್ಮಾ ಸ್ವಲ್ಪ ಕುಡಿದಿದ್ದಾಳೆ, ಕುರ್ಚಿಯಲ್ಲಿ ಕೂತಿದ್ದಾಳೆ. ಬಾಯಿ ಮುಚ್ಚಿದ ನಟಿ ಎಲಿಸಬೆತ್ ಆಚೆ ಹಾಸಿಗೆಯ ಮೇಲೆ, ಕೈಯಲ್ಲಿ ಸಿಗರೇಟು. ಅಲ್ಮಾ ಹಿಂದೊಮ್ಮೆ ಕಡಲ ದಂಡೆಯಲ್ಲಿ ನಡೆದದ್ದನ್ನು ಹೇಳುತ್ತಾಳೆ. ಒಬ್ಬ ಗೆಳತಿ, ಎಲ್ಲಿಂದಲೋ ಬಂದ ಇಬ್ಬರು ಹುಡುಗರು, ಆಮೇಲೆ ತೆಗೆಸಿದ ಬಸಿರು. ಫ್ಲ್ಯಾಶ್‌ಬ್ಯಾಕ್ ಇಲ್ಲ, ಸಂಗೀತವಿಲ್ಲ. ಬರೀ ಒಂದು ದನಿ. ಆದರೂ ಮರುದಿನ ಕೇಳಿದರೆ ಆ ದಂಡೆಯನ್ನು ಕಣ್ಣಾರೆ ಕಂಡೆ ಅಂತ ನೋಡಿದವರು ಆಣೆ ಹಾಕುತ್ತಾರೆ.

ಈ ದೃಶ್ಯ ತೆಗೆದುಬಿಡು ಅಂತ ಬರ್ಗ್‌ಮನ್‌ಗೆ ಸಲಹೆ ಬಂದಿತ್ತು. ಬೀಬಿ ಬಿಡಲಿಲ್ಲ. ಶೂಟ್ ಮಾಡೋಣ, ಆದರೆ ಕೆಲವು ಮಾತು ಬದಲಿಸುತ್ತೇನೆ ಅಂದಳು. ಇದನ್ನು ಗಂಡಸು ಬರೆದದ್ದು ಅಂತ ಗೊತ್ತಾಗುತ್ತದೆ, ಯಾವ ಹೆಂಗಸೂ ಹೀಗೆ ಹೇಳುವುದಿಲ್ಲ ಅನ್ನುವುದು ಅವಳ ತಕರಾರು. ಅವನು ಹೂಂ ಅಂದ. ಇಬ್ಬರಿಗೂ ವಿಪರೀತ ನಾಚಿಕೆ. ಒಂದೇ ಟೇಕಿನಲ್ಲಿ ಮುಗಿಸಿದರಂತೆ.

ಇದನ್ನು ನಾನು ಓದಿದ್ದು ಹಾಸ್ಟೆಲ್ ಬಿಟ್ಟು ಎಷ್ಟೋ ವರ್ಷದ ಮೇಲೆ. ಓದಿದ ಕೂಡಲೇ ನಿನಗೆ ಫೋನ್ ಮಾಡಬೇಕೆನಿಸಿತು. ನೀನು ಬರೀ ಮಾತು ಅಂದೆಯಲ್ಲ, ಆ ಮಾತನ್ನು ತಿದ್ದಿ ತನ್ನದಾಗಿ ಮಾಡಿಕೊಂಡವಳು ಅವಳು. ದೊಡ್ಡ ಲೇಖಕನ ವಾಕ್ಯವನ್ನು ಎದುರಿಗೇ ಕೂತು ‘ಇದು ಸರಿಯಿಲ್ಲ’ ಅನ್ನುವುದು ಸಣ್ಣ ವಿಷಯವಾ?

ಇನ್ನೊಂದು. ಎಲಿಸಬೆತ್ ಡಾಕ್ಟರಿಗೆ ಬರೆದ ಕಾಗದ ಅಂಟಿಸಿರುವುದಿಲ್ಲ. ಅಲ್ಮಾ ಅದನ್ನು ಪೋಸ್ಟ್ ಮಾಡಲು ಹೋಗುವಾಗ ದಾರಿಯಲ್ಲಿ ಓದುತ್ತಾಳೆ. ತನ್ನ ಗುಟ್ಟುಗಳೆಲ್ಲ ಅವಳಿಗೆ ಒಂದು ತಮಾಷೆಯ ಪಾಠ ಅಂತ ಗೊತ್ತಾಗುತ್ತದೆ. (ನಮ್ಮ ಈ ಕಾಗದವನ್ನೂ ಅಂಟಿಸುತ್ತಿಲ್ಲ, ನಾಲ್ಕು ಜನ ಓದಲಿ ಅಂತ ನೀನೇ ಒಪ್ಪಿದ್ದೀಯ. ಆಮೇಲೆ ಗಾಜು ಹಾಕಬೇಡ.) ಆಮೇಲೆ ಬರುವುದೇ ಗಾಜಿನ ದೃಶ್ಯ. ಬಿಸಿಲು. ಅಂಗಳದಲ್ಲಿ ಒಂದು ಲೋಟ ಬಿದ್ದು ಒಡೆಯುತ್ತದೆ. ಅಲ್ಮಾ ಚೂರುಗಳನ್ನು ಗುಡಿಸುತ್ತಾಳೆ. ಒಂದು ಚೂರು ಉಳಿದದ್ದು ಕಣ್ಣಿಗೆ ಬೀಳುತ್ತದೆ. ಎಲಿಸಬೆತ್ ಬರಿಗಾಲಲ್ಲಿ ಓಡಾಡುತ್ತಿದ್ದಾಳೆ. ಅಲ್ಮಾ ಆ ಚೂರನ್ನು ಅಲ್ಲೇ ಬಿಟ್ಟು, ಹೋಗಿ ಕೂತು, ಕಾಯುತ್ತಾಳೆ. ಆ ಕಾಯುವ ಮುಖ ನೋಡು. ಹಾಲಿನ ಬಟ್ಟಲು ಕೊಟ್ಟ ಮುಖವೇ ಅದು. ಒಂದು ಮಾತಿಲ್ಲ. ಮುಗ್ಧತೆಯ ಕಸುಬಿಗೆ ಅವತ್ತೇ ರಾಜೀನಾಮೆ. ಕಾಲಿಗೆ ಗಾಜು ಚುಚ್ಚುತ್ತದೆ, ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಾರೆ, ಫಿಲ್ಮ್ ಸುಡುತ್ತದೆ. ನೀನು ಬನಿಯನ್ನಿಗೆ ಉಜ್ಜಿದ್ದು ಆಗಲೇ.

ಹಾಗೆಯೇ ಇಬ್ಬರ ಅರ್ಧರ್ಧ ಮುಖ ಸೇರಿಸಿದ ಆ ಭಯಾನಕ ಶಾಟ್. ಅದನ್ನು ಮೊದಲು ತೋರಿಸಿದಾಗ ಇಬ್ಬರಿಗೂ ತಮ್ಮ ಮುಖ ಗುರುತು ಸಿಗಲಿಲ್ಲವಂತೆ. ಬೀಬಿ, ಲಿವ್ ಎಷ್ಟು ಚೆನ್ನಾಗಿ ಮಾಡಿದ್ದಾಳೆ ಅಂದುಕೊಂಡಳು. ಲಿವ್, ಬೀಬಿ ಎಷ್ಟು ಚೆನ್ನಾಗಿ ಮಾಡಿದ್ದಾಳೆ ಅಂದುಕೊಂಡಳು. ನಮ್ಮ ಜಗಳದ ಮುಂದೆ ಅವರ ದೊಡ್ಡತನ ನೋಡು. ಸ್ವೀಡನ್ನಿನ ಗುಲ್ಡ್‌ಬಾಗ್ಗೆ ಪ್ರಶಸ್ತಿ ಈ ಪಾತ್ರಕ್ಕೆ ಬೀಬಿಗೇ ಬಂತು, ಅಮೆರಿಕದ ನ್ಯಾಷನಲ್ ಸೊಸೈಟಿ ಆಫ್ ಫಿಲ್ಮ್ ಕ್ರಿಟಿಕ್ಸ್ ಪ್ರಶಸ್ತಿಯೂ ಬಂತು. ಸುಮ್ನೆ ಹೇಳಿದೆ.

ಅಮೆರಿಕದ ಕತೆ ಬೇಗ ಹೇಳಿ ಮುಗಿಸುತ್ತೇನೆ, ಅಲ್ಲಿ ಅವಳಿಗೆ ತಕ್ಕ ಪಾತ್ರ ಯಾರೂ ಬರೆಯಲಿಲ್ಲ. 1966ರಲ್ಲಿ ಸಿಡ್ನಿ ಪಾಟಿಯೆ ಜೊತೆ ಕುದುರೆ, ಕೋವಿಯ ‘ಡ್ಯುಯೆಲ್ ಅಟ್ ಡಿಯಾಬ್ಲೊ’. 1979ರಲ್ಲಿ ರಾಬರ್ಟ್ ಆಲ್ಟ್‌ಮನ್ ಕೈಯಲ್ಲಿ ಪಾಲ್ ನ್ಯೂಮನ್ ಜೊತೆ ‘ಕ್ವಿಂಟೆಟ್’, ಪೂರ್ತಿ ಹಿಮ. ನೋಡಿದೆ. ಚಳಿಯಾಯಿತು.

ಆದರೆ 1971ರ ‘ದಿ ಟಚ್’ ನೋಡು. ಬರ್ಗ್‌ಮನ್ ಇಂಗ್ಲಿಷಿನಲ್ಲಿ ಮಾಡಿದ ಮೊದಲ ಸಿನಿಮಾ, ಜನ ಅಷ್ಟಾಗಿ ಮೆಚ್ಚಲಿಲ್ಲ. ಬೀಬಿ ಕರಿನ್ ಎಂಬ ಗೃಹಿಣಿ. ಗಂಡ ಡಾಕ್ಟರು, ಮನೆ ಅಚ್ಚುಕಟ್ಟು. ಸಿನಿಮಾ ಶುರುವಾಗುವುದೇ ಅವಳು ಆಸ್ಪತ್ರೆಗೆ ಓಡೋಡಿ ಬರುವುದರಿಂದ. ಸ್ವಲ್ಪ ಹೊತ್ತಿನ ಮುಂಚೆಯಷ್ಟೇ ತಾಯಿ ತೀರಿಕೊಂಡಿದ್ದಾಳೆ. ಕರಿನ್ ಆ ಕೋಣೆಯಲ್ಲಿ ಕೂರುತ್ತಾಳೆ. ಅಳುವುದು ಅಲ್ಲಲ್ಲ, ಹೊರಗೆ ಬಂದ ಮೇಲೆ, ಕೋಟು ತೂಗುಹಾಕುವ ಮೂಲೆಯಲ್ಲಿ. ಈ ದೃಶ್ಯ ನಿನಗೆ ಈಗ ಬೇಡ. ಸಿನಿಮಾ ನೋಡುವುದಾದರೆ ಅಷ್ಟು ದಾಟಿಸಿ, ಅವಳು ಪರಪುರುಷನನ್ನು ನೋಡಲು ಹೊರಡುವ ಮುಂಚೆ ಕನ್ನಡಿ ಮುಂದೆ ಒಂದಾದ ಮೇಲೊಂದು ಬಟ್ಟೆ ಬದಲಿಸುವುದನ್ನು ನೋಡು. ತಪ್ಪು ಮಾಡಲು ಹೊರಟವಳಿಗೆ ಯಾವ ಸ್ವೆಟರ್ ಒಪ್ಪುತ್ತದೆ ಅನ್ನುವುದೇ ದೊಡ್ಡ ಚಿಂತೆ. ನಗು ಬರುತ್ತದೆ, ಕರುಳು ಚುರುಕ್ ಅನ್ನುತ್ತದೆ.

ಟಿವಿಯಲ್ಲಿ, 1973ರ ‘ಸೀನ್ಸ್ ಫ್ರಮ್ ಎ ಮ್ಯಾರೇಜ್’ನ ಮೊದಲ ಕಂತಿಗೆ ಊಟಕ್ಕೆ ಬರುವ ಜೋಡಿಯಲ್ಲಿ ಹೆಂಡತಿ ಅವಳು. ಊಟಕ್ಕೆ ಬಂದ ಮನೆಯಲ್ಲೇ ಗಂಡನ ಜೊತೆ ಜಗಳವಾಡಿ, ಲೋಟದಲ್ಲಿದ್ದದ್ದನ್ನು ಅವನ ಮುಖಕ್ಕೆ ಎರಚುತ್ತಾಳೆ. ಆ ಧಾರಾವಾಹಿಯ ನಾಯಕಿ ನಿನ್ನ ಲಿವ್. ನಾನು ಒಪ್ಪುತ್ತೇನೆ, ಅಲ್ಲಿ ಲಿವ್ ದೊಡ್ಡವಳು. ಆದರೆ ಎರಚಿದವಳು ನೆನಪಿರುತ್ತಾಳೆ. 1988ರಲ್ಲಿ ಡ್ರಮಾಟೆನ್‌ನಲ್ಲಿ ಬರ್ಗ್‌ಮನ್ ಅಮೆರಿಕದ ನಾಟಕಕಾರ ಓನೀಲ್‌ನ ‘ಲಾಂಗ್ ಡೇಸ್ ಜರ್ನಿ ಇನ್‌ಟು ನೈಟ್’ ಮಾಡಿಸಿದಾಗ, ಮಾರ್ಫಿನ್ ಚಟಕ್ಕೆ ಬಿದ್ದ ತಾಯಿಯ ಪಾತ್ರ ಅವಳದು. ಅದನ್ನು ನೋಡುವ ಭಾಗ್ಯ ನಮಗಿಲ್ಲ.

ತೊಂಬತ್ತರ ದಶಕದಲ್ಲಿ ಬೋಸ್ನಿಯಾದ ಸರಯೇವೊ ಊರನ್ನು ಮುತ್ತಿಗೆ ಹಾಕಿ ಗುಡ್ಡದ ಮೇಲಿಂದ ಗುಂಡು ಸುರಿಸುತ್ತಿದ್ದರಲ್ಲ, ಅಲ್ಲಿಯ ರಂಗಭೂಮಿಯವರ ಜೊತೆ ನಿಂತು ಕೆಲಸ ಮಾಡಿದವಳು ಇವಳು. 1996ರಲ್ಲಿ ಆತ್ಮಕತೆ ಬರೆದಳು. ಮುದಿವಯಸ್ಸಿನಲ್ಲಿ, 2007ರ ‘ಅರ್ನ್’ ಸಿನಿಮಾದಲ್ಲಿ, ಕ್ರೂರಿ ಮಠಾಧಿಕಾರಿಣಿ ರಿಕಿಸ್ಸಾ ಆದಳು. ಆಮೇಲೆ ಅದು ಟಿವಿ ಧಾರಾವಾಹಿಯಾಗಿಯೂ ಬಂತು. ಅದೇ ಗುಂಡು ಮುಖ, ಆದರೆ ನೋಡಿದರೆ ಮೈ ಜುಂ ಅನ್ನುತ್ತದೆ.

ಈಗ ನಾನು ಇಷ್ಟು ಹೊತ್ತು ಸುತ್ತಿ ಬಳಸಿದ್ದು ಯಾಕೆ ಅಂತ ಹೇಳುತ್ತೇನೆ.

2009ರಲ್ಲಿ ಬೀಬಿಗೆ ಸ್ಟ್ರೋಕ್ ಆಯಿತು. ಎಪ್ಪತ್ಮೂರು ವರ್ಷ. ಮಾತು ಹೋಯಿತು. 2019ರ ಏಪ್ರಿಲ್ 14ರಂದು ಸ್ಟಾಕ್‌ಹೋಮಿನಲ್ಲಿ ತೀರಿಕೊಂಡಳು. ನಡುವಿನ ಹತ್ತು ವರ್ಷ ಮಾತಿಲ್ಲ. ಸುದ್ದಿ ಬಂದ ದಿನ ಪತ್ರಿಕೆಗಳಲ್ಲಿ ಎಲ್ಲಾ ಕಡೆ ‘ಪರ್ಸೋನಾ’ದ ಆ ಜೋಡಿ ಮುಖದ ಫೋಟೋ. ಅವಳ ಪೂರ್ತಿ ಹೆಸರು ನನಗೆ ಗೊತ್ತಾದದ್ದು ಅವತ್ತೇ. ಬೆರಿಟ್ ಎಲಿಸಬೆತ್ ಆಂಡರ್ಸನ್. ಎಲಿಸಬೆತ್, ಗೆಳೆಯಾ. ಸಿನಿಮಾದಲ್ಲಿ ಬಾಯಿ ಮುಚ್ಚಿದವಳ ಹೆಸರು.

ಅವತ್ತು ನಾನು ಆಫೀಸಿನಲ್ಲಿ ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ. ಆಮೇಲೆ ನನ್ನ ಮೇಲೇ ಸಿಟ್ಟು ಬಂತು. ಹೆಸರು ಕೂಡಿಬಂತು ಅಂತ ರೋಮಾಂಚನಗೊಳ್ಳುವುದು ನಮ್ಮಂಥ ಸಿನಿಮಾ ಹುಚ್ಚರ ಚಾಳಿ. ಎರಡೂ ಒಂದೇ ಅಲ್ಲವೇ ಅಲ್ಲ. ಎಲಿಸಬೆತ್ ನಾಟಕದ ನಡುವೆ ಸುಮ್ಮನಾದಳು, ಆಮೇಲೆ ಮಾತೇ ಬಿಟ್ಟಳು. ಅದು ಅವಳ ಆಯ್ಕೆ. ಬೇಕಾದಾಗ ಬಾಯಿ ಬಿಡಬಹುದಿತ್ತು. ಅಲ್ಮಾ ಕುದಿಯುವ ನೀರು ಎತ್ತಿದಾಗ ‘ಬೇಡ’ ಅಂತ ಚೀರಿದಳು ನೋಡು. ಬೀಬಿಗೆ ಆ ಆಯ್ಕೆ ಇರಲಿಲ್ಲ. ಮಾತು ನಿಂತ ನಿನ್ನ ಅಮ್ಮನಿಗೂ ಇಲ್ಲ.

ನಿನ್ನ ಇನ್ನೊಂದು ಮಾತು ನನ್ನನ್ನು ಕೊರೆಯುತ್ತಿದೆ. ‘ಅಮ್ಮ ಈಗ ಬೇರೆ ಯಾರೋ ಆಗಿಬಿಟ್ಟಂತೆ, ನಾನು ಗೋಡೆ ಹತ್ತಿರ ಮಾತಾಡಿದಂತೆ’ ಅಂದೆಯಲ್ಲ. ಆಸ್ಪತ್ರೆಯವರು ನಿನಗೆ ಏನನ್ನೂ ಬಿಡಿಸಿ ಹೇಳದೆ ಬಿಲ್ಲು ಕೊಟ್ಟು ಕಳಿಸಿದರು ಅಂತ ಕೇಳಿ ಬೇಜಾರಾಯಿತು. ನನಗೆ ತಿಳಿದಷ್ಟು ಹೇಳುತ್ತೇನೆ. ನಮ್ಮಲ್ಲಿ ಹೆಚ್ಚಿನವರಿಗೆ ಮಾತಿನ ಕೆಲಸ ನಡೆಯುವುದು ಮೆದುಳಿನ ಎಡಭಾಗದಲ್ಲಿ. ಅಲ್ಲಿಗೆ ರಕ್ತ ನಿಂತರೆ ಪದ ಸಿಗದ ಹಾಗಾಗುತ್ತದೆ. ಆದರೆ ಪದ ಸಿಗದಿದ್ದರೆ ಬುದ್ಧಿ ಹೋಯಿತು ಅಂತಲ್ಲ. ಎಷ್ಟೋ ಜನಕ್ಕೆ ಎದುರಿಗಿರುವವರ ಮಾತು ತಿಳಿಯುತ್ತಿರುತ್ತದೆ. ಕೆಲವರಿಗೆ ಮಾತು ಬಾರದಿದ್ದರೂ ಹಳೆಯ ಹಾಡು ಬರುತ್ತದೆ, ಒಂದು ಎರಡು ಮೂರು ಎಣಿಸುವುದು ಬರುತ್ತದೆ, ಬೈಗುಳವೂ ಬರುತ್ತದೆ. ಸ್ಪೀಚ್ ಥೆರಪಿಯವರನ್ನು ಈಗಲೂ ಕೇಳಬಹುದು, ತಡವಾಯಿತು ಅಂತ ಬಿಡಬೇಡ. ಶುಕ್ರವಾರದ ಹಾಡು ಹಾಕಿ ನೋಡಿದೆಯಾ? ನಿಮ್ಮನೆಯಲ್ಲಿ ಅಮ್ಮ ದೀಪ ಹಚ್ಚುವಾಗ ಹೇಳುತ್ತಿದ್ದದ್ದು? ನೀನು ಮೊದಲ ಸಾಲು ಹೇಳಿ ನಿಲ್ಲಿಸು. ನೋಡೋಣ.

ಇನ್ನು ಏನು ಮಾತಾಡಬೇಕು ಅನ್ನುವ ನಿನ್ನ ಪ್ರಶ್ನೆ. ‘ಪರ್ಸೋನಾ’ದ ಕೊನೆ ಹತ್ತಿರ ಒಂದು ದೃಶ್ಯ ಎರಡು ಸಲ ಬರುತ್ತದೆ, ಮರೆತಿದ್ದೀಯ, ನಿನಗೆ ನಿದ್ದೆ ಬಂದಿತ್ತು. ಎಲಿಸಬೆತ್ತಳ ಮಗುವಿನ ಕತೆಯನ್ನು ಅಲ್ಮಾ ಅವಳಿಗೇ ಹೇಳುತ್ತಾಳೆ. ಮೊದಲ ಸಲ ಕ್ಯಾಮೆರಾ ಕೇಳುವವಳ ಮುಖ ನೋಡುತ್ತದೆ. ಎರಡನೆಯ ಸಲ ಅದೇ ಮಾತು, ಹೇಳುವವಳ ಮುಖ. ನಾನು ಎಷ್ಟೋ ವರ್ಷ ಎರಡನೆಯದನ್ನೇ ನೋಡುತ್ತಿದ್ದೆ, ಅಲ್ಲಿ ಬೀಬಿ ಇದ್ದಾಳೆ ಅಂತ. ನಿನ್ನ ಮೆಸೇಜು ಬಂದ ಮೇಲೆ, ಮೊನ್ನೆ ರಾತ್ರಿ, ಮೊದಲನೆಯದನ್ನು ಸರಿಯಾಗಿ ನೋಡಿದೆ. ಕೇಳುವವಳ ಮುಖದಲ್ಲಿ ಪ್ರತಿ ಮಾತಿಗೂ ಏನೋ ಒಂದು ಆಗುತ್ತಿರುತ್ತದೆ. ರೆಪ್ಪೆ, ತುಟಿಯ ಮೂಲೆ, ಗಂಟಲು. ಲಿವ್ ವಿಷಯದಲ್ಲಿ ನೀನು ಹೇಳಿದ್ದು ಅಷ್ಟು ತಪ್ಪಲ್ಲ. ಇದನ್ನು ಬರೆಯಲು ನನಗೆ ಇಪ್ಪತ್ತು ವರ್ಷ ಬೇಕಾಯಿತು, ಇಟ್ಟುಕೋ.

ಭಾನುವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ಹತ್ತೂವರೆಗೆ ನಿಮ್ಮೂರ ಸರ್ಕಲ್ಲು. ದೋಸೆ ಹಿಟ್ಟು ನೆನೆಹಾಕಿ ರುಬ್ಬಿಡು, ಹುಯ್ಯುವುದು ನಾನು. ಅಮ್ಮನ ಕುರ್ಚಿಯನ್ನು ಅಡುಗೆಮನೆಗೆ ತರೋಣ. ನನ್ನ ದೋಸೆ ಎಂದಾದರೂ ದುಂಡಗೆ ಬಂದದ್ದುಂಟಾ? ಅವರು ಹೇಗೂ ಹಣೆ ಗಂಟಿಕ್ಕುತ್ತಾರೆ. ನೀನು ಒಲೆ ನೋಡಬೇಡ, ಅವರನ್ನು ನೋಡು.

ಪೆನ್‌ಡ್ರೈವ್ ತರುತ್ತೇನೆ. ರಾತ್ರಿ ಅಮ್ಮ ಮಲಗಿದ ಮೇಲೆ ನೋಡೋಣ. ಫಿಲ್ಮ್ ಸುಟ್ಟಾಗ ಎದ್ದು ಹೋಗಿ ಪ್ಲಗ್ ಕೀಳಬೇಡ.

ಇಂತಿ ನಿನ್ನ,
ಬೀಬಿ ಪಕ್ಷದವನು